ಹಿಂದೆ ಸರಿದವರು ನಕಲಿ

ನಮ್ಮ ಕೇಂದ್ರದಲ್ಲಿ ಯಾರೂ ಯಾರಿಗೂ ದಾರಿ ಬಿಡುವುದಿಲ್ಲ. ಇದು ಸೊಕ್ಕಲ್ಲ, ನಿಯಮ. ಕಾರಿಡಾರಿನಲ್ಲಿ ಇಬ್ಬರು ಎದುರುಬದುರಾದರೆ ಮೈಯನ್ನು ಅಡ್ಡಕ್ಕೆ ತಿರುಗಿಸಿ, ಹೊಟ್ಟೆ ಒಳಗೆಳೆದುಕೊಂಡು, ಒಬ್ಬರನ್ನೊಬ್ಬರು ಉಜ್ಜಿಕೊಂಡು ಹೋಗಬೇಕೇ ಹೊರತು ಒಂದು ಹೆಜ್ಜೆಯನ್ನೂ ಹಿಂದಕ್ಕೆ ಇಡುವಂತಿಲ್ಲ. ದೊಡ್ಡ ಹೊಟ್ಟೆಯ ಗ್ರಂಥಪಾಲಕರು ಮತ್ತು ಅವರಿಗಿಂತ ದೊಡ್ಡ ಹೊಟ್ಟೆಯ ಉಗ್ರಾಣದ ಅಧಿಕಾರಿ ಒಮ್ಮೆ ಮೆಟ್ಟಿಲ ತಿರುವಿನಲ್ಲಿ ಸಿಕ್ಕಿಬಿದ್ದು, ಊಟದ ಹೊತ್ತು ಮೀರಿದರೂ ಜಪ್ಪಯ್ಯ ಅಂದರೂ ಕದಲಲಿಲ್ಲ. ಕೊನೆಗೆ ಕ್ಯಾಂಟೀನಿನವನು ಇಬ್ಬರಿಗೂ ಅಲ್ಲಿಗೇ ತಟ್ಟೆ ತಂದುಕೊಟ್ಟ. ಹೊರಗಿನವರು ಕೇಳಿದರೆ ನಗುತ್ತಾರೆ. ನಮಗೆ ನಗು ಬರುವುದಿಲ್ಲ, ಯಾಕೆಂದರೆ ಕುರ್ಚಿಗೆ ಏನಾಯಿತೆಂದು ನಾವೆಲ್ಲ ಕಣ್ಣಾರೆ ಕಂಡಿದ್ದೇವೆ.

ಕೇಂದ್ರದ ಪೂರ್ತಿ ಹೆಸರು ಹೇಳಿ ಮುಗಿಸುವಷ್ಟರಲ್ಲಿ ಕೈಯಲ್ಲಿರುವ ಚಹಾ ಆರಿಹೋಗುತ್ತದೆ: ಸ್ವಯಂಸೂಚಕ ವಿದ್ಯಮಾನಗಳ ಅಂತರಾಯಾಮ ಸಂಶೋಧನಾ ಕೇಂದ್ರ. ತನ್ನ ಬಗ್ಗೆ ತಾನೇ ಹೇಳಿಕೊಳ್ಳುವ, ತನ್ನ ಬಾಲವನ್ನು ತಾನೇ ಹಿಡಿದುಕೊಂಡಿರುವ ಸಂಗತಿಗಳನ್ನು ಬೇರೆ ಆಯಾಮಗಳಲ್ಲಿ ಹುಡುಕುವುದು ನಮ್ಮ ಕೆಲಸ. ಮುಂಬಾಗಿಲಲ್ಲಿ ಯಾವನೋ ತಮಾಷೆಗಾರ ‘ಈ ಫಲಕವನ್ನು ಯಾರೂ ಓದಬಾರದು’ ಎಂದು ಫಲಕ ಹಾಕಿದ್ದಾನಲ್ಲ, ಅಂಥವನ್ನು. ನೆಲಮಾಳಿಗೆಯಲ್ಲಿ ಯಂತ್ರ ಕೂರಿಸಿ, ಕಬ್ಬಿಣದ ಬಾಗಿಲು ಇಟ್ಟು, ಇನ್ನೊಂದು ಆಯಾಮಕ್ಕೆ ಹಾದಿ ತೆರೆದಾಗ ಆ ಕಡೆ ಏನೇನೋ ಸಿಗಬಹುದೆಂದು ಕನಸು ಕಂಡಿದ್ದೆವು. ಸಿಕ್ಕಿದ್ದು ನಾವೇ. ಅದೇ ಕಬ್ಬಿಣದ ಬಾಗಿಲು, ಅದೇ ಹಸಿರು ಗೋಡೆ, ಕನ್ನಡಕವನ್ನು ಮೂಗಿನ ತುದಿಗೆ ಇಳಿಸಿಕೊಂಡ ಅದೇ ನಿರ್ದೇಶಕರು. ತಮ್ಮ ತಮ್ಮ ಬಾಗಿಲಲ್ಲೇ ನಿಂತು ಇಬ್ಬರು ನಿರ್ದೇಶಕರೂ ಒಟ್ಟಿಗೇ “ಯಾರ್ರೀ ನೀವು?” ಎಂದರು. ಆ ಪ್ರಶ್ನೆಗೆ ಇಬ್ಬರೂ ಇವತ್ತಿನವರೆಗೆ ಉತ್ತರ ಕೊಟ್ಟಿಲ್ಲ.

ಆ ಕಡೆಯವರು ನಮ್ಮ ನೆರಳಲ್ಲ. ನಾನು ಕೆಮ್ಮಿದರೆ ಅಲ್ಲಿಯ ನಾನೂ ಕೆಮ್ಮಬೇಕೆಂದಿಲ್ಲ. ನಾನು ನೀಲಿ ಅಂಗಿ ತೊಟ್ಟ ದಿನ ಅವಳು ಹಳದಿ ತೊಟ್ಟಿರುತ್ತಾಳೆ. ನನ್ನ ಕೆಲಸ ಬಾಗಿಲ ಪಕ್ಕದ ಗಾಜಿನ ಕೋಣೆಯಲ್ಲಿ ಕೂತು, ಹಾದಿಯೊಳಗೆ ಯಾರು ಹೋಗುತ್ತಾರೆ, ಯಾರು ಬರುತ್ತಾರೆ ನೋಡಿಕೊಳ್ಳುವುದು. ಅಲ್ಲಿಯ ಅವಳದೂ ಅದೇ ಕೆಲಸ. “ನಮ್ಮವರು ಬರ್ತಿದ್ದಾರೆ, ನಿಮ್ಮವರನ್ನ ತಡೀರಿ” ಎಂದು ಒಬ್ಬರಿಗೊಬ್ಬರು ತಂತಿ ಫೋನಿನಲ್ಲಿ ಹೇಳಿಕೊಳ್ಳುತ್ತಿದ್ದೆವು. ಒಳ್ಳೆಯವಳೇ. ಆದರೆ ಮೂಗಿನ ತುದಿಯಲ್ಲೇ ಕೋಪ. ಯಾರ ಹಾಗೆ ಎಂದು ಬೇರೆ ಹೇಳಬೇಕಾಗಿಲ್ಲ; ಇಲ್ಲಿ ಎಲ್ಲರೂ ನನ್ನನ್ನು ಕರೆಯುವುದೇ ಮೊಂಡಿ ಎಂದು.

ಇನ್ನು ಕುರ್ಚಿ. ಎರಡು ಕೇಂದ್ರಗಳಲ್ಲಿ ಅಸಲಿ ಯಾವುದು, ನಕಲಿ ಯಾವುದು ಎಂಬ ಜಗಳ ಮೊದಲ ದಿನದಿಂದಲೇ ಇತ್ತು. ತೀರ್ಮಾನಕ್ಕೆಂದು ಇಬ್ಬರು ನಿರ್ದೇಶಕರೂ ತಮ್ಮ ತಮ್ಮ ತೇಗದ ಕುರ್ಚಿಯನ್ನು ತರಿಸಿ ಹಾದಿಯ ನಡುವೆ ಎದುರುಬದುರು ಇಡಿಸಿದರು. ಒಂದೇ ಆದ ಎರಡು ವಸ್ತು ಎದುರಾದದ್ದೇ ತಡ, ಹಾದಿಯ ಗೋಡೆಗಳು ಎರಡೂ ಕಡೆಯಿಂದ ಒತ್ತಿಕೊಂಡು ಬರತೊಡಗಿದವು. ನಮ್ಮ ಕುರ್ಚಿಯ ಕೈ ಚಟ್ಟೆಂದು ಸೀಳಿತು. ಕಸ ಗುಡಿಸುವಾಕೆ, ಪಾಪ, ಒಳ್ಳೆಯ ಕುರ್ಚಿ ಹಾಳಾಗುತ್ತದಲ್ಲ ಎಂದು ನಮ್ಮದನ್ನು ಒಂದು ಗೇಣು ಹಿಂದಕ್ಕೆ ಎಳೆದಳು. ಗೋಡೆಗಳು ತಕ್ಷಣ ನಿಂತವು. ಸಂಜೆ ಎಂದಿನಂತೆ ಕರೆಂಟ್ ಆರಿಸಿದೆವು. ಎರಡರಲ್ಲಿ ಒಂದು ಕಡೆ ಕರೆಂಟ್ ಆರಿದರೂ ಹಾದಿ ಇರುವುದಿಲ್ಲ, ಬಾಗಿಲ ಹಿಂದೆ ಬರೀ ಗೋಡೆ. ಮರುದಿನ ಸ್ವಿಚ್ ಹಾಕಿದಾಗ ಅವರ ಕುರ್ಚಿ ಇದ್ದಲ್ಲೇ ಇತ್ತು. ನಮ್ಮದರ ಧೂಳೂ ಇರಲಿಲ್ಲ.

ನಮ್ಮ ಗಣಿತದ ಮೇಷ್ಟ್ರು ಅದಕ್ಕೊಂದು ವಿವರಣೆ ಕೊಟ್ಟರು. ಹಾದಿಗೆ ಅಸಲಿ ಯಾವುದೆಂದು ತಾನಾಗಿ ಗೊತ್ತಿಲ್ಲ. ಯಾರು ಹಿಂದೆ ಸರಿಯುತ್ತಾರೋ ಅವರನ್ನೇ ನಕಲಿ ಎಂದು ಅದು ನಂಬಿಬಿಡುತ್ತದೆ, ಕರೆಂಟ್ ಆರಿದಾಗ ನಂಬಿದ್ದನ್ನು ನಿಜ ಮಾಡುತ್ತದೆ. ಅಂದಿನಿಂದ ನಿರ್ದೇಶಕರು ಕ್ಯಾಂಟೀನಿನ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂರುತ್ತಾರೆ. ಹೊಸದನ್ನು ತರಿಸಿಕೊಳ್ಳಲು ಅಭಿಮಾನ ಅಡ್ಡ ಬಂತು. ನಮಗೆಲ್ಲ ಹಿಂದೆ ಸರಿಯದಿರುವ ಅಭ್ಯಾಸವಾಗಲಿ ಎಂದು ಆ ನಿಯಮ ತಂದರು, ಕಾರಿಡಾರಿನಲ್ಲಿ, ಊಟದ ಸಾಲಿನಲ್ಲಿ, ಮೂತ್ರಖಾನೆಯ ಬಾಗಿಲಲ್ಲಿ ಕೂಡ.

ಈ ನಿಯಮ ನನಗೆ ಹೊಸದೇನೂ ಅಲ್ಲ. ಹುಟ್ಟಿದಾಗಿನಿಂದ ನಾನು ಯಾವುದಕ್ಕೂ ಹಿಂದೆ ಸರಿದವಳಲ್ಲ. ಅದಕ್ಕೆ ಕಾರಣ ನನ್ನ ಧೈರ್ಯವಲ್ಲ, ನನ್ನ ಅಕ್ಕ. ಕಿಟಕಿ ಪಕ್ಕದ ಸೀಟು, ಅಮ್ಮ ಹೊಲಿದ ಹೊಸ ಅಂಗಿ, ತಟ್ಟೆಯಲ್ಲಿ ಉಳಿದ ಕೊನೆಯ ತುಂಡು, ಯಾವುದಕ್ಕೆ ನಾನು ಪಟ್ಟು ಹಿಡಿದರೂ ಅಕ್ಕ “ಹೋಗ್ಲಿ ತಗೋ” ಎಂದು ಕೈ ಬಿಡುತ್ತಿದ್ದಳು. ಅಪ್ಪ ಹೋದ ಮೇಲೆ ಓದು ಬಿಟ್ಟು ವಯರಿಂಗ್ ಕೆಲಸ ಕಲಿತು, ಇದೇ ಕೇಂದ್ರದಲ್ಲಿ ಕೆಲಸ ಹಿಡಿದು, ನನ್ನನ್ನು ಓದಿಸಿದಳು. ಇಲ್ಲಿ ಎಲ್ಲರಿಗೂ ಅವಳು ವಯರಕ್ಕ. ಬೈದರೆ ನಗುತ್ತಾಳೆ, ಇನ್ನೊಮ್ಮೆ ಬೈದರೆ “ಆಯ್ತು ಬಿಡಿ” ಅನ್ನುತ್ತಾಳೆ. ಅವಳು ಯಾರಿಗಾದರೂ ಎದುರು ಮಾತಾಡಿದ್ದನ್ನು ನಾನು ಕೇಳಿದ್ದೇ ಇಲ್ಲ. ನನಗೆ ಅದನ್ನು ಕಂಡರೆ ಮೈ ಉರಿಯುತ್ತಿತ್ತು.

ಅವತ್ತು ಮಧ್ಯಾಹ್ನ ಊಟ ಮುಗಿಸಿ ಬರುವಷ್ಟರಲ್ಲಿ ಹಾದಿಯ ನಡುವಿನ ದೀಪ ಕೆಟ್ಟಿತ್ತು. ಅತ್ತಿತ್ತಲಿನ ದೀಪಗಳ ವಿಚಾರದಲ್ಲಿ ತಕರಾರಿಲ್ಲ, ಅರ್ಧ ನಮ್ಮವು, ಅರ್ಧ ಅವರವು. ನಡುವಿನದು ಮಾತ್ರ ತಮ್ಮದೆಂದು ಎರಡೂ ಕಡೆಯವರು ಸಾಧಿಸುತ್ತಾರೆ. ಬೇರೆ ದಿನವಾಗಿದ್ದರೆ ನಾನು ಫೋನ್ ಎತ್ತಿ ಆ ಕಡೆಯ ನನಗೆ ಹೇಳುತ್ತಿದ್ದೆ, ಯಾರು ಮೊದಲು ಹೋಗಬೇಕೆಂದು ಇಬ್ಬರೂ ಒಂದಿಷ್ಟು ಕಿತ್ತಾಡಿ ಒಂದು ದಾರಿ ಮಾಡುತ್ತಿದ್ದೆವು. ಆದರೆ ಬೆಳಿಗ್ಗೆ ತಾನೇ ನಿರ್ದೇಶಕರಿಬ್ಬರೂ ಅದೇ ಫೋನಿನಲ್ಲಿ ಒಬ್ಬರಿಗೊಬ್ಬರು ‘ನಕಲಿ ನನ್ಮಗ’ ಎಂದು ಬೈದುಕೊಂಡು, ಮಾತೇ ಬೇಡವೆಂದು ತಂತಿ ಕೀಳಿಸಿದ್ದರು. “ನಮ್ಮ ದೀಪ, ನಾವು ಹಾಕ್ತೀವಿ, ಯಾರನ್ನ ಕೇಳ್ಬೇಕು?” ಎಂದು ನಿರ್ದೇಶಕರು ಅಕ್ಕನನ್ನು ಕಳಿಸಿದರು. ಆ ಕಡೆಯ ನಿರ್ದೇಶಕರೂ ಅದೇ ಮಾತು ಹೇಳಿ ಅವರ ವಯರಕ್ಕನನ್ನು ಕಳಿಸಿದರು.

ಅಕ್ಕ ಹೆಗಲ ಮೇಲೆ ಏಣಿ, ಕೈಯಲ್ಲಿ ಟಾರ್ಚು ಹಿಡಿದು ನಡುವಿನ ಕತ್ತಲೊಳಗೆ ಹೋದಳು. ಕೆಟ್ಟ ದೀಪದ ಕೆಳಗೆ ತಲುಪಿ ಟಾರ್ಚು ಎತ್ತಿದಾಗ ಎದುರಿಗೂ ಒಂದು ಟಾರ್ಚು ಎದ್ದಿತು. ಗಾಜಿನ ಈಚೆ ಕೂತಿದ್ದ ನಾನು ಹಾದಿಯೊಳಗಿನ ಸದ್ದು ಕೇಳಿಸುವ ಮೈಕನ್ನು ಹತ್ತಿರಕ್ಕೆ ಎಳೆದುಕೊಂಡೆ.

“ಅಯ್ಯೋ, ನೀನಾ?” ಎಂದು ಮೈಕಿನಲ್ಲಿ ಅಕ್ಕನ ದನಿ ಕೇಳಿಸಿತು. ಅದು ನಮ್ಮ ಅಕ್ಕನದೋ ಅವರದೋ ಗೊತ್ತಾಗಲಿಲ್ಲ. ಮರುಗಳಿಗೆಯಲ್ಲಿ ಗೋಡೆಗಳು ಕದಲಿದ ಸದ್ದು ಬಂತು, ದೊಡ್ಡ ಬೀರುವನ್ನು ಸಿಮೆಂಟಿನ ಮೇಲೆ ತಳ್ಳಿದ ಹಾಗೆ.

ನಿರ್ದೇಶಕರು ಮೆಟ್ಟಿಲಿಳಿದು ಓಡಿಬಂದರು. ಹೆದರಿ ಓಡಿಬಂದರೆಂದು ನಾನು ತಿಳಿದೆ. ಮುಖ ನೋಡಿದರೆ ಮದುವೆ ಮನೆಗೆ ಬಂದವರ ಕಳೆ! ನನ್ನ ಕೈಯಿಂದ ಮೈಕು ಕಿತ್ತುಕೊಂಡರು.

“ವಯರಕ್ಕ, ಕೇಳಿಸ್ತಿದ್ಯಾ? ಒಂದು ಹೆಜ್ಜೆನೂ ಹಿಂದೆ ಇಡಬೇಡಿ! ಅವಳೇ ಸರೀಲಿ.”

“ಸಾರ್, ಗೋಡೆ ಹತ್ರ ಬರ್ತಿದೆ.”

“ಬರಲಿ. ಅವಳಿಗೂ ಬರ್ತಿದೆ ತಾನೇ? ಗಟ್ಟಿಯಾಗಿ ನಿಂತ್ಕೊಳ್ಳಿ.”

ನಾನು ಎದ್ದು ನಿಂತೆ. “ಸಾರ್, ಅವಳನ್ನ ವಾಪಸ್ ಕರೀರಿ.”

“ಹಿಂದೆ ಸರಿದ್ರೆ ಅವಳು ನಕಲಿ ಆಗ್ತಾಳೆ. ಅವಳೊಬ್ಬಳೇ ಅಲ್ಲ, ಅವಳನ್ನ ಕಳಿಸಿದ ನಾವೂ. ಇಡೀ ಕೇಂದ್ರ, ಈ ಊರು, ನಿಮ್ಮ ಮನೆ, ಎಲ್ಲ. ಕುರ್ಚಿ ನೆನಪಿದೆ ತಾನೇ? ಅದು ಬರೀ ಮರ, ಇವಳು ನಮ್ಮೆಲ್ಲರ ಪರವಾಗಿ ನಿಂತವಳು.”

“ಕರೆಂಟ್ ಆರಿಸಿದ್ರೆ ತಾನೇ ಅಳಿಸಿಹೋಗೋದು? ಆರಿಸ್ಬೇಡಿ. ರಾತ್ರಿಯೆಲ್ಲ ಉರೀಲಿ.”

“ನಾನು ಆರಿಸಲ್ಲ ಅಂತಲೇ ಇಟ್ಕೊಳ್ಳಿ. ಆ ಕಡೆಯವನು ಆರಿಸ್ತಾನೆ.”

“ಅದು ನಿಮಗೆ ಹೇಗೆ ಗೊತ್ತು?”

ನಿರ್ದೇಶಕರು ಕನ್ನಡಕದ ಮೇಲಿನಿಂದ ನನ್ನನ್ನು ನೋಡಿದರು. “ಆ ಕಡೆ ನಾನಿದ್ದಿದ್ರೆ ಆರಿಸ್ತಿದ್ದೆ.”

ಅಷ್ಟು ಪ್ರಾಮಾಣಿಕವಾದ ಮಾತನ್ನು ಅವರ ಬಾಯಿಂದ ನಾನು ಮೊದಲು ಕೇಳಿರಲಿಲ್ಲ. ಮೂಲೆಯಲ್ಲಿ ನಿಂತಿದ್ದ ಗಣಿತದ ಮೇಷ್ಟ್ರ ಕಡೆ ತಿರುಗಿದೆ.

“ಮೇಷ್ಟ್ರೇ, ನೀವಾದ್ರೂ ಹೇಳಿ. ಅಕ್ಕ ಸರಿದು ಬಂದ್ರೆ ನಿಜವಾಗ್ಲೂ ಹೋಗ್ಬಿಡ್ತಾಳಾ?”

“ಹೋಗಬಹುದು. ಹೋಗದೇನೂ ಇರಬಹುದು. ಕುರ್ಚಿ ಬೇರೆ, ಮನುಷ್ಯರು ಬೇರೆ. ಆದ್ರೆ ಕುರ್ಚಿಗೆ ಆಗಿದ್ದು ಮನುಷ್ಯರಿಗೆ ಆಗಲ್ಲ ಅಂತಾನೂ ಹೇಳಕ್ಕಾಗಲ್ಲ.”

ಅಡ್ಡಗೋಡೆಯ ಮೇಲೆ ದೀಪ ಇಡುವುದರಲ್ಲಿ ಮೇಷ್ಟ್ರನ್ನು ಮೀರಿಸುವವರಿಲ್ಲ. ಮೈಕಿನಲ್ಲಿ ಅಕ್ಕನ ಉಸಿರು ಕೇಳಿಸುತ್ತಿತ್ತು, ಅದರ ಹಿಂದೆಯೇ ಇನ್ನೊಂದು ಉಸಿರು. ಅಲ್ಯೂಮಿನಿಯಂ ಏಣಿ ಕಿರುಗುಟ್ಟುತ್ತಾ ಬಾಗುತ್ತಿತ್ತು. ನಿರ್ದೇಶಕರು ಸ್ವಿಚ್ಚಿನ ಪಕ್ಕ ತಮ್ಮ ಪ್ಲಾಸ್ಟಿಕ್ ಕುರ್ಚಿ ತರಿಸಿಕೊಂಡು ಕೂತರು. “ಅವರ ವಯರಕ್ಕ ಸರಿದ ತಕ್ಷಣ ನಾನೇ ಆರಿಸ್ತೀನಿ. ಇವತ್ತು ಇತ್ಯರ್ಥ ಆಗಿಬಿಡ್ಲಿ” ಎಂದರು.

ಆಗ ನನ್ನ ಮೊಬೈಲು ಬಡಿದುಕೊಂಡಿತು. ಅಮ್ಮ.

“ನಿಮ್ಮಕ್ಕಂಗೆ ಫೋನ್ ಮಾಡಿದ್ರೆ ಎತ್ತಾ ಇಲ್ಲ. ಬರ್ತಾ ಕಪ್ಪು ದಾರದ ಉಂಡೆ ತರಕ್ಕೆ ಹೇಳು. ಕೋಟು ಅರ್ಧಕ್ಕೇ ನಿಂತಿದೆ.”

ಹಿಂದುಗಡೆ ಹೊಲಿಗೆ ಯಂತ್ರದ ಟಕಟಕ ಇರಲಿಲ್ಲ. ದಾರಕ್ಕಾಗಿ ಕಾಯುತ್ತಾ ಕೂತಿದ್ದಾಳೆ. ಏನೂ ಇಲ್ಲವೆಂದು ಹೇಳಬೇಕೆಂದುಕೊಂಡೆ. ಆದರೆ ಅಮ್ಮನ ಮುಂದೆ ನನ್ನ ಸುಳ್ಳು ಯಾವತ್ತೂ ನಡೆದಿಲ್ಲ. ಎಲ್ಲ ಹೇಳಿಬಿಟ್ಟೆ.

“ಅವಳು ಯಾಕೆ ಸರೀತಿಲ್ಲ? ಹುಟ್ಟಿದಾಗಿಂದ ಎಲ್ಲರಿಗೂ ಸರಿದು ಸರಿದು ಗೋಡೆಗೆ ಅಂಟಿಕೊಂಡವಳು ಅವಳು.”

“ಸರಿದ್ರೆ ನಾವೆಲ್ಲ ನಕಲಿ ಆಗ್ತೀವಂತಮ್ಮ. ನೀನೂ.”

“ನಾನಾ?” ಅಮ್ಮನ ದನಿ ಏರಿತು. “ಇಬ್ಬರನ್ನ ಹೆತ್ತು ಸಾಕಿದೀನಿ, ಮೊಣಕಾಲು ಸವೆಯೋವರೆಗೆ ಯಂತ್ರ ತುಳಿದಿದೀನಿ. ನಕಲಿ ಅಂತ ಯಾರು ಹೇಳಿದ್ದು? ಹೇಳಿಕೊಳ್ಳಲಿ ಬಿಡು, ನಂಗೇನು ಜ್ವರ ಬರುತ್ತಾ? ನೋಡೇ, ನಿಮ್ಮಕ್ಕನ್ನ ಕರ್ಕೊಂಡು ಬಾ. ಒಬ್ಬಳೇ ಬಂದ್ರೆ ಬಾಗಿಲು ತೆಗೆಯಲ್ಲ.”

ಫೋನ್ ಕಟ್ಟಾಯಿತು. ನಾನು ಗಾಜಿನ ಕೋಣೆಯಿಂದ ಹೊರಗೆ ಬಂದೆ.

ಕಬ್ಬಿಣದ ಬಾಗಿಲ ಮುಂದೆ ಕಾವಲುಗಾರ ನಿಂತಿದ್ದ. ಬಾಗಿಲಷ್ಟೇ ಅಗಲದ ಆಳು, ವರ್ಷಗಳಿಂದ ಅವನು ಅಲ್ಲಿಂದ ಹಿಂದೆ ಸರಿದದ್ದನ್ನು ಯಾರೂ ಕಂಡಿಲ್ಲ. ಹಿಂದಿನಿಂದ ನಿರ್ದೇಶಕರು, “ಏನ್ರೀ, ಎಲ್ಲಿಗೆ ಹೊರಟ್ರಿ? ಅವಳನ್ನ ಒಳಗೆ ಬಿಡಬೇಡ!” ಎಂದು ಕೂಗಿದರು.

“ಹಿಂದೆ ಸರಿ” ಎಂದೆ ಕಾವಲುಗಾರನಿಗೆ.

ಅವನು ನನ್ನ ಮುಖ ನೋಡಿದ. ಅಕ್ಕ ಅವನ ಮನೆಯ ಫ್ಯಾನು ಎಷ್ಟು ಸಲ ರಿಪೇರಿ ಮಾಡಿಕೊಟ್ಟಿದ್ದಾಳೋ ಅವನಿಗೇ ಗೊತ್ತು. ಗಂಟಲು ಸರಿಮಾಡಿಕೊಂಡು, ಎಲ್ಲರೂ ನೋಡುತ್ತಿರುವಂತೆಯೇ, ಒಂದು ಹೆಜ್ಜೆ ಹಿಂದಕ್ಕೆ ಇಟ್ಟ. ನಾನು ಬಾಗಿಲ ಚಕ್ರ ತಿರುಗಿಸಿ ಒಳಗೆ ನುಗ್ಗಿದೆ.

ಹಾದಿ ಮೊದಲು ಇಬ್ಬರು ಜೊತೆಯಾಗಿ ನಡೆಯುವಷ್ಟು ಅಗಲವಿತ್ತು. ಈಗ ಎರಡೂ ಭುಜ ಗೋಡೆಗೆ ತಾಗುತ್ತಿದ್ದವು. ಗೋಡೆ ಬೆಚ್ಚಗಿತ್ತು, ಅದು ನನಗೆ ಒಂದಿಷ್ಟೂ ಹಿಡಿಸಲಿಲ್ಲ. ಒಂದೊಂದು ದೀಪ ದಾಟಿದ ಹಾಗೂ ಅಡ್ಡಕ್ಕೆ ತಿರುಗಿ ಜರುಗುತ್ತಾ ಹೋದೆ. ಕೊನೆಗೆ ಅಕ್ಕನ ಬೆನ್ನು ಕಂಡಿತು, ಬೆವರಿಗೆ ಅಂಗಿ ಅಂಟಿಕೊಂಡ ಬೆನ್ನು. ಏಣಿ ಅವಳ ಪಕ್ಕದಲ್ಲಿ ಮುರುಟಿ ನಿಂತಿತ್ತು. ಅವಳ ಭುಜದಾಚೆ ಟಾರ್ಚಿನ ಬೆಳಕಿನಲ್ಲಿ ಅವಳದೇ ಮುಖ.

“ನೀ ಯಾಕೆ ಬಂದ್ಯೇ?” ಎಂದರು ಇಬ್ಬರೂ.

“ಅಮ್ಮ ದಾರದ ಉಂಡೆ ಕೇಳಿದ್ಲು” ಎಂದೆ. ನನ್ನ ಬಾಯಿಗೆ ಬೇರೇನೂ ಬರಲಿಲ್ಲ.

ಅಕ್ಕ ನಕ್ಕಳು, ಆಮೇಲೆ ಅಳು ನುಂಗಿಕೊಂಡಳು. “ಇವಳೂ ನಾನೇ ಕಣೇ. ಇವಳಿಗೂ ತಂಗಿ ಇದ್ದಾಳೆ, ಅಮ್ಮ ಇದ್ದಾಳೆ. ಇಬ್ಬರೂ ಮಾತಾಡ್ಕೊಂಡ್ವಿ. ನಾನೊಬ್ಬಳೇ ಹೋಗೋದಾಗಿದ್ರೆ ಯಾವಾಗ್ಲೋ ಸರೀತಿದ್ದೆ. ಆದ್ರೆ ನಾ ಸರಿದ್ರೆ ನೀನೂ ಅಮ್ಮನೂ ಹೋಗ್ತೀರಂತೆ. ಅವಳು ಸರಿದ್ರೆ ಅವಳ ಮನೆಯವರು. ಹೇಗೆ ಸರೀಲಿ? ಅವಳಿಗೆ ಹೇಗೆ ಹಿಂದೆ ಸರಿ ಅನ್ನಲಿ?”

ನಾನು ಅಲ್ಲೇ ನಿಂತುಬಿಟ್ಟೆ. ಇಷ್ಟು ವರ್ಷ ಅವಳು ಸೋಲುತ್ತಾಳೆಂದು ಸಿಟ್ಟಾಗುತ್ತಿದ್ದೆ. ಈಗ ಮೊದಲ ಸಲ ಪಟ್ಟು ಹಿಡಿದು ನಿಂತಿದ್ದಾಳೆ, ಅದೂ ನನಗಾಗಿ. ಅದಕ್ಕಾಗಿಯೇ ಗೋಡೆ ಅವಳನ್ನು ಹಿಂಡುತ್ತಿದೆ. ನನಗೆ ಅಳು ಬರಬೇಕಿತ್ತು. ಬಂದದ್ದು ಸಿಟ್ಟು. ಕುರ್ಚಿಯ ಮೇಲೆ, ನಿಯಮದ ಮೇಲೆ, ಅಸಲಿತನ ಎಂಬ ಆ ಕೆಲಸಕ್ಕೆ ಬಾರದ ಪದವಿಯ ಮೇಲೆ. ಯಾರಿಗೆ ಬೇಕಾಗಿತ್ತು ಅದು? ಅದನ್ನು ಇಟ್ಟುಕೊಂಡು ಈವರೆಗೆ ನಾವು ಒಂದು ಹೊತ್ತಿನ ಅನ್ನ ಬೇಯಿಸಿದ್ದೇವೆಯೇ?

ನಾನು ಕೂಗಿದೆ. ಅಕ್ಕನಿಗಲ್ಲ, ಗೋಡೆಗೆ. ಮೈಕಿನಾಚೆ ಕೂತವರಿಗೂ ಕೇಳಲಿ ಎಂದು ಗಂಟಲು ಹರಿಯುವ ಹಾಗೆ.

“ಕೇಳಿಸ್ಕೋ! ನಾವು ನಕಲಿ. ಹೌದು, ನಾವೇ. ಏನೀಗ? ನಕಲಿಗಳಿಗೆ ಹಸಿವಾಗಲ್ವಾ? ನಕಲಿ ಅಮ್ಮ ಹೊಲಿದ ಅಂಗಿ ಮೈಗೆ ಕೂರಲ್ವಾ? ನಾ ನನ್ನ ಅಕ್ಕನ್ನ ಕರ್ಕೊಂಡು ಹಿಂದೆ ಹೋಗ್ತೀನಿ. ಅಳಿಸ್ತೀಯಾ? ಅಳಿಸು ನೋಡೋಣ!”

ಅಕ್ಕನ ಸೊಂಟಕ್ಕೆ ಎರಡೂ ಕೈ ಹಾಕಿ ಹಿಂದಕ್ಕೆ ಎಳೆದೆ. “ಬೇಡ ಕಣೇ, ನೀನು ಹೋಗ್ತೀಯ” ಎಂದು ಅವಳು ಕಾಲೂರಿದಳು. “ಹೋದ್ರೆ ಜೊತೆಗೇ ಹೋಗ್ತೀನಿ, ಮುಚ್ಕೊಂಡು ಬಾ” ಎಂದೆ. ನನ್ನ ಜೀವನದ ಮೊದಲ ಹಿನ್ನಡೆ ಅದು. ಅಂಥದ್ದೇನೂ ಕಷ್ಟವಿರಲಿಲ್ಲ. ಹಿಮ್ಮಡಿ ಹಿಂದಕ್ಕೆ ಹೋಗಿ ನೆಲಕ್ಕೆ ತಾಗಿತು, ಅಷ್ಟೇ.

ಆಗಲೇ ಆ ಕಡೆಯಿಂದ, ಇನ್ನೊಬ್ಬ ಅಕ್ಕನ ಬೆನ್ನಿನ ಹಿಂದಿನಿಂದ, ನನ್ನದೇ ದನಿ ಗುಡುಗಿತು. “ನಾವು ಕಣ್ರೀ ನಕಲಿ! ಏನಿವಾಗ? ಅಳಿಸ್ತೀರಾ? ಅಳಿಸಿ!”

ಅವಳು ಬರುತ್ತಾಳೆಂದು ನನಗೆ ಮೊದಲೇ ಹೊಳೆಯಬೇಕಿತ್ತು. ನಾನು ನುಗ್ಗಿದ ಮೇಲೆ ಅವಳು ಗಾಜಿನ ಹಿಂದೆ ಕೈಕಟ್ಟಿ ಕೂತಿರುತ್ತಾಳೆಯೇ? ಕೋಪದ ಸಂಭ್ರಮದಲ್ಲಿ ಅದು ನೆನಪಾಗಲೇ ಇಲ್ಲ. ಟಾರ್ಚಿನ ಬೆಳಕಿನಲ್ಲಿ ಅವಳ ಹಳದಿ ತೋಳುಗಳು ಅವಳ ಅಕ್ಕನ ಸೊಂಟ ಹಿಡಿದು ಹಿಂದಕ್ಕೆ ಎಳೆಯುತ್ತಿದ್ದವು. ಇಬ್ಬರು ಅಕ್ಕಂದಿರೂ ಒಂದೇ ಗಳಿಗೆಯಲ್ಲಿ ಹಿಂದೆ ಸರಿದರು.

ಗೋಡೆಗಳು ನಿಂತವು. ಅಳಿಸಬೇಕಾದ್ದು ಯಾರನ್ನೆಂದು ಆ ಹಾದಿ ಯೋಚಿಸುತ್ತಿದೆಯೇನೋ ಎನ್ನುವಷ್ಟು ಹೊತ್ತು ಎಲ್ಲ ಮೌನ. ಅಷ್ಟರಲ್ಲಿ ಮೈಕಿನಲ್ಲಿ ನಿರ್ದೇಶಕರ ಕಿರುಚಾಟ ಕೇಳಿಸಿತು, “ಅವರೂ ಸರಿದ್ರು! ಅವರೂ ಸರಿದ್ರು!” ಖಟ್ಟೆಂದು ಸ್ವಿಚ್ ಬಿದ್ದ ಸದ್ದು. ಆ ಕಡೆಯಿಂದಲೂ ಒಂದು ಖಟ್. ದೀಪಗಳೆಲ್ಲ ಆರಿದವು. ಅಕ್ಕ ನನ್ನ ಕೈಯನ್ನು ಎಷ್ಟು ಗಟ್ಟಿಯಾಗಿ ಹಿಡಿದಳೆಂದರೆ ಬೆರಳ ಗೆಣ್ಣುಗಳು ನೋಯತೊಡಗಿದವು. ಸಾಯುವಾಗಲೂ ನೋವಾಗುತ್ತದೆಯೇ ಎಂದು ಯೋಚಿಸಿದ್ದು ನೆನಪಿದೆ.

ನಾವು ಸಾಯಲಿಲ್ಲ. ಗೋಡೆಗಳು ಸದ್ದಿಲ್ಲದೆ ಹಿಂದೆ ಹೋದವು, ಎಷ್ಟು ದೂರವೆಂದರೆ ಕೈ ಚಾಚಿದರೂ ಸಿಗಲಿಲ್ಲ. ಒತ್ತು ತಪ್ಪಿದ್ದೇ ನಾಲ್ವರೂ ಒಬ್ಬರ ಮೇಲೊಬ್ಬರು ಮುಗ್ಗರಿಸಿ ಬಿದ್ದೆವು. ಟಾರ್ಚುಗಳು ಎಲ್ಲಿ ಹೋದವೋ. ಗಾಢಾಂಧಕಾರದಲ್ಲಿ ಯಾರದೋ ಕೂದಲು ನನ್ನ ಬಾಯಲ್ಲಿ, ಯಾರದೋ ಮೊಣಕೈ ನನ್ನ ಪಕ್ಕೆಯಲ್ಲಿ. ಒಬ್ಬಳು ನಗತೊಡಗಿದಳು, ಆಮೇಲೆ ಎಲ್ಲರೂ. ಹೊಟ್ಟೆ ಹುಣ್ಣಾಗುವಷ್ಟು ನಕ್ಕ ಮೇಲೆ ನಾನು ತಡವರಿಸಿ ಒಂದು ಕೈ ಹಿಡಿದೆ. ಹೆಬ್ಬೆರಳ ಬುಡದಲ್ಲಿ ಬೆಸುಗೆಯ ಸುಟ್ಟ ಕಲೆ ಇತ್ತು. “ನಡಿ, ಮನೆಗೆ” ಎಂದೆ. ಬೆಳಕಿನ ಗೆರೆ ಕಂಡ ಬಾಗಿಲ ಕಡೆಗೆ ಇಬ್ಬರೂ ನಡೆದೆವು.

ಸ್ವಿಚ್ ಆರಿತ್ತು, ಯಂತ್ರ ತಣ್ಣಗಾಗಿತ್ತು, ಆದರೂ ನಮ್ಮ ಬೆನ್ನ ಹಿಂದೆ ಹಾದಿ ತೆರೆದೇ ಇತ್ತು. ನಿರ್ದೇಶಕರು ಒಮ್ಮೆ ಸ್ವಿಚ್ಚನ್ನೂ ಒಮ್ಮೆ ಹಾದಿಯನ್ನೂ ನೋಡುತ್ತಿದ್ದರು. ಗಣಿತದ ಮೇಷ್ಟ್ರು ನೆಲದ ಮೇಲೆ ಕೂತು ಕಣ್ಣೊರೆಸಿಕೊಳ್ಳುತ್ತಾ ನಗುತ್ತಿದ್ದರು.

“ಇಬ್ಬರೂ ನಕಲಿ ಅಂದ್ಬಿಟ್ರಲ್ಲಮ್ಮ! ಅಸಲಿನೇ ಇಲ್ಲದ ಮೇಲೆ ಅದು ಯಾರನ್ನ ಅಳಿಸುತ್ತೆ? ಯಾವ ಕಡೆಗೆ ಅಂತ ಮುಚ್ಕೊಳ್ಳುತ್ತೆ?” ಎಂದರು. ಮೊದಲ ಸಲ ಮೇಷ್ಟ್ರು ಒಂದು ಮಾತನ್ನು ಅಡ್ಡಗೋಡೆಯಿಂದ ಕೆಳಗೆ ಇಳಿಸಿದ್ದರು.

ನಿರ್ದೇಶಕರು ಮಾತ್ರ ನಗಲಿಲ್ಲ. “ಯಾರಪ್ಪನ ಮನೆ ಆಸ್ತಿ ಅಂತ ಬಿಟ್ಟುಕೊಟ್ರಿ? ನಿಮಗೆ ಯಾರು ಅಧಿಕಾರ ಕೊಟ್ಟಿದ್ದು?” ಎಂದು ನನ್ನ ಮೇಲೆ ಎಗರಿ ಬಂದವರು, ಅಕ್ಕನನ್ನು ನೋಡಿ ತಟ್ಟನೆ ನಿಂತರು. ಕಣ್ಣು ಕಿರಿದು ಮಾಡಿದರು.

“ಇವಳು ಯಾರು?”

“ನನ್ನಕ್ಕ.”

“ಯಾವ ಅಕ್ಕ? ನಮ್ಮವಳಾ, ಅವರವಳಾ? ಕತ್ತಲಲ್ಲಿ ಯಾರ ಕೈ ಹಿಡ್ಕೊಂಡು ಬಂದ್ರಿ?”

ನಾನು ಅಕ್ಕನ ಮುಖ ನೋಡಿದೆ. ಬೆವರು, ಧೂಳು, ಕೆನ್ನೆಯ ಮೇಲೆ ಗೋಡೆ ಉಜ್ಜಿದ ಗೀರು. ಸುಟ್ಟ ಕಲೆ ಇಬ್ಬರಿಗೂ ಇತ್ತು. ಇಬ್ಬರ ಅಂಗಿಯೂ ಬೂದು ಬಣ್ಣದ್ದೇ. ನಿಜ ಹೇಳಬೇಕೆಂದರೆ ನನಗೆ ಗೊತ್ತಿರಲಿಲ್ಲ. ನನ್ನ ನೀಲಿ ತೋಳನ್ನು ಮುಟ್ಟಿ ನೋಡಿಕೊಂಡೆ, ನಾನಾದರೂ ನಾನೇ ಎಂದು. ಅಕ್ಕನ ಕಣ್ಣಲ್ಲೂ ಅದೇ ಅನುಮಾನ ಹಾದುಹೋಯಿತು. ಬಿದ್ದಾಗ ಯಾವ ದಿಕ್ಕಿಗೆ ಎದ್ದಳೋ ಅವಳಿಗೂ ಗೊತ್ತಿರಲಿಕ್ಕಿಲ್ಲ. ಅವಳ ಕೈ ನನ್ನ ಕೈಯಿಂದ ಜಾರತೊಡಗಿತು.

ನಾನು ಬಿಡಲಿಲ್ಲ.

“ಪರೀಕ್ಷೆ ಮಾಡ್ಬೇಕು” ಎಂದರು ನಿರ್ದೇಶಕರು. “ಪ್ರಶ್ನೆ ಕೇಳ್ಬೇಕು. ಗೊತ್ತಾಗೋವರೆಗೂ ಇವಳು ಇಲ್ಲಿಂದ ಕದಲೋ ಹಾಗಿಲ್ಲ.”

“ನನಗೆ ಗೊತ್ತಾಗಬೇಕಾಗಿಲ್ಲ” ಎಂದೆ. “ನಾನಿದ್ದೀನಿ ಅಂತ ಗೋಡೆ ಮಧ್ಯೆ ನಿಂತವಳು ಇವಳು. ಆ ಕಡೆಯವಳಿಗಾಗಿ ನಿಂತವಳು ಆ ಕಡೆಗೆ ಹೋಗಿದ್ದಾಳೆ. ತಿರುಗುಮುರುಗು ಆಗಿದ್ರೂ ಲೆಕ್ಕ ಅದೇ. ಬೇಕಾದ್ರೆ ನಾಳೆ ಇಬ್ಬರನ್ನೂ ಊಟಕ್ಕೆ ಕರೀತೀನಿ. ಹಾದಿ ಹೇಗೂ ತೆರೆದಿದೆ.”

“ನೀವು ಸುಮ್ನಿರಿ. ಅವಳು ಹೇಳ್ಲಿ.”

ಆಗಲೇ ಕಾವಲುಗಾರ ಹಾದಿಯೊಳಗೆ ಬೆರಳು ತೋರಿಸಿ, “ಸಾರ್, ನಿಮ್ಮ ಕುರ್ಚಿ” ಎಂದ.

ಬಾಗಿಲಿನಿಂದ ಬಿದ್ದ ಬೆಳಕಿನ ಅಂಚಿನಲ್ಲಿ ತೇಗದ ಕುರ್ಚಿ ನಿಂತಿತ್ತು. ಸ್ವಲ್ಪ ಹಿಂದೆ ನಾವು ಅದೇ ದಾರಿಯಲ್ಲಿ ಬಂದಾಗ ಅಲ್ಲಿ ಏನೂ ಇರಲಿಲ್ಲ. ಕೈ ಸೀಳಿದ್ದು ಹಾಗೇ ಇತ್ತು. ಅಳಿಸಿಹೋಗಿದ್ದ ನಮ್ಮ ಕುರ್ಚಿ; ನಕಲಿಯೆಂದು ನುಂಗಿದ್ದನ್ನು ಹಾದಿ ವಾಪಸ್ ಕೊಟ್ಟಿತ್ತು. ಕಾವಲುಗಾರ ಹೋಗಿ ಅದನ್ನು ಎತ್ತಿ ತಂದು ನಿರ್ದೇಶಕರ ಮುಂದೆ ಇಟ್ಟ. ನಿರ್ದೇಶಕರು ಅದರ ಸುತ್ತ ಒಂದು ಸುತ್ತು ಬಂದರು. ಬೆನ್ನು ಸವರಿದರು, ಬಗ್ಗಿ ಕಾಲು ನೋಡಿದರು. ಇದರ ಮೇಲೆ ಕೂರಲು ಎಷ್ಟು ವರ್ಷದಿಂದ ಕಾದಿದ್ದರು! ಕೈ ಚಾಚಿದವರು ಹಿಂದಕ್ಕೆ ಎಳೆದುಕೊಂಡರು. ಅಸಲಿಯೋ ನಕಲಿಯೋ ಗೊತ್ತಿಲ್ಲದ ಕುರ್ಚಿಯ ಮೇಲೆ ಅವರು ಹೇಗೆ ಕೂತಾರು?

ಅಕ್ಕ ನನ್ನ ಕೈ ಬಿಡಿಸಿಕೊಂಡಳು. ಹೋದಳು. ಇಷ್ಟು ಹೊತ್ತು ನಿಂತಿದ್ದ ಕಾಲುಗಳನ್ನು ಮುಂದಕ್ಕೆ ಚಾಚಿ, ಉಸ್ಸಪ್ಪಾ ಎಂದು ಆ ಕುರ್ಚಿಯಲ್ಲಿ ಕೂತಳು. ಬೆನ್ನು ಒರಗಿಸಿದಳು. ನಮ್ಮ ಕೇಂದ್ರದಲ್ಲಿ ನಿರ್ದೇಶಕರ ಎದುರು ಯಾರೂ ಹಾಗೆ ಕೂತದ್ದಿಲ್ಲ.

“ಕೊನೇ ಸಲ ಕೇಳ್ತಿದೀನಿ” ಎಂದರು ನಿರ್ದೇಶಕರು. “ನೀವು ಯಾರು?”

ಜನ್ಮದಲ್ಲಿ ಯಾರಿಗೂ ಎದುರು ಮಾತಾಡದ ನನ್ನ ಅಕ್ಕ ಅವರ ಕಣ್ಣಲ್ಲಿ ಕಣ್ಣಿಟ್ಟು ನೋಡಿದಳು.

“ನಕಲಿ ಸಾರ್” ಎಂದಳು. “ಏನೀಗ?”

ಆಮೇಲೆ ನನ್ನ ಕಡೆ ತಿರುಗಿ, “ಒಂದು ಲೋಟ ನೀರು ಕೊಡೇ. ದಾರದ ಅಂಗಡಿ ಮುಚ್ಚೋದ್ರೊಳಗೆ ಹೋಗ್ಬೇಕು” ಎಂದಳು.